ಕಾಗದಕ್ಕೆ ಬಾರದ ದುಡಿಮೆ: ಉತ್ತರ ಕನ್ನಡದ ನಾಲ್ಕು ತಾಲ್ಲೂಕುಗಳಲ್ಲಿ ಅಪಘಾತ ಪರಿಹಾರದ ಅರ್ಜಿಗಳು

ವಾಹನ ಅಪಘಾತದಲ್ಲಿ ಸತ್ತವರ ಕುಟುಂಬಕ್ಕೆ ಪರಿಹಾರ ಲೆಕ್ಕ ಹಾಕುವ ಸೂತ್ರ ಬೆಂಗಳೂರಿಗೂ ಜೋಯಿಡಾಕ್ಕೂ ಒಂದೇ. ಆ ಸೂತ್ರಕ್ಕೆ ತುಂಬುವ ಅಂಕಿಗಳು ಮಾತ್ರ ಬೇರೆ. ಸತ್ತವರು ತಿಂಗಳಿಗೆ ಎಷ್ಟು ದುಡಿಯುತ್ತಿದ್ದರು, ವಾಹನದಲ್ಲಿ ಎಲ್ಲಿ ಕುಳಿತಿದ್ದರು, ಯಾರು ಅವರನ್ನು ನಂಬಿಕೊಂಡಿದ್ದರು ಎಂಬ ಮೂರು ಪ್ರಶ್ನೆಗಳಿಗೆ ಕಾಗದದ ಮೇಲೆ ಉತ್ತರ ಇರಬೇಕು. ದಾಂಡೇಲಿ, ಹಳಿಯಾಳ, ಜೋಯಿಡಾ, ಮುಂಡಗೋಡ ಸೀಮೆಯ ಬಡ ಕುಟುಂಬಗಳಲ್ಲಿ ಇಲ್ಲದಿರುವುದು ಆ ಕಾಗದವೇ. ಅಪಘಾತವಾದ ಮೊದಲ ಕೆಲವು ವಾರಗಳಲ್ಲಿ ಬರೆದ ಕಾಗದಗಳೇ ಪರಿಹಾರದ ಮೊತ್ತವನ್ನು ಹೆಚ್ಚುಕಡಿಮೆ ತೀರ್ಮಾನಿಸಿಬಿಡುತ್ತವೆ, ನ್ಯಾಯಮಂಡಳಿಯ ಕೆಲಸ ಆಮೇಲಿನದು ಎಂಬುದು ಈ ಟಿಪ್ಪಣಿಯ ವಾದ.

ಸೀಮೆಯ ಪರಿಚಯ ಚುಟುಕಾಗಿ ಹೇಳುತ್ತೇನೆ. ಹಳಿಯಾಳ ಭತ್ತ, ಕಬ್ಬು, ಜೋಳ ಬೆಳೆಯುವ ಅರೆಬಯಲು. ಅಲ್ಲಿ ಸಕ್ಕರೆ ಕಾರ್ಖಾನೆಯಿದೆ. ಹಳಿಯಾಳದಿಂದ ಬೇರ್ಪಟ್ಟು ತಾಲ್ಲೂಕಾದ ದಾಂಡೇಲಿ 1955ರಲ್ಲಿ ಹುಟ್ಟಿದ ವೆಸ್ಟ್ ಕೋಸ್ಟ್ ಕಾಗದ ಕಾರ್ಖಾನೆಯ ಊರು, ಈಗ ಕಾಳಿ ನದಿಯ ರಾಫ್ಟಿಂಗಿಗೆ ಬರುವ ಪ್ರವಾಸಿಗಳ ಊರು. ಹಿಂದೆ ಸೂಪಾ ಎಂದಿದ್ದ ತಾಲ್ಲೂಕು ಅಣೆಕಟ್ಟಿನ ನೀರಿನಲ್ಲಿ ಸೂಪಾ ಪೇಟೆ ಮುಳುಗಿದ ಮೇಲೆ ಜೋಯಿಡಾ ಎಂಬ ಹೆಸರಿನಿಂದ ಉಳಿದಿದೆ. ಕಾಡೇ ಹೆಚ್ಚು, ಊರುಗಳು ದೂರದೂರ. ರಾಮನಗರ, ಅನಮೋಡದ ಮೂಲಕ ಬೆಳಗಾವಿಯಿಂದ ಗೋವಾಕ್ಕೆ ಹೋಗುವ ಹೆದ್ದಾರಿ ಇದೇ ತಾಲ್ಲೂಕಿನಲ್ಲಿ ಹಾಯುತ್ತದೆ. ಮುಂಡಗೋಡ ಹುಬ್ಬಳ್ಳಿ–ಶಿರಸಿ ದಾರಿಯ ಮೇಲಿದೆ. 1966ರಿಂದ ಅಲ್ಲಿ ಟಿಬೆಟನ್ನರ ದೊಡ್ಡ ವಸತಿ ಇದೆ. ಸಿದ್ದಿಗಳು, ಗೌಳಿಗಳು, ಕುಣಬಿಗಳು ಈ ಕಾಡಂಚಿನ ಜನ. ಲಾರಿ, ಕಬ್ಬಿನ ಟ್ರ್ಯಾಕ್ಟರ್, ಪ್ರವಾಸಿ ಕಾರು, ಸಂತೆಗೆ ಹೋಗುವ ಪಿಕಪ್, ಒಂದೇ ಬೈಕಿನ ಮೇಲೆ ಮೂವರು – ಈ ರಸ್ತೆಗಳ ಮೇಲೆ ಹಗಲೂ ರಾತ್ರಿ ಓಡಾಡುವುದು ಇವೇ.

ಕಾನೂನಿನ ಹಿನ್ನೆಲೆ ದೀರ್ಘವಾದದ್ದು. 1855ರ ಮಾರಣಾಂತಿಕ ಅಪಘಾತಗಳ ಕಾಯ್ದೆಯಡಿ ಸಿವಿಲ್ ದಾವೆ ಹೂಡಬೇಕಿತ್ತು. 1939ರ ಮೋಟಾರು ವಾಹನ ಕಾಯ್ದೆಗೆ 1956ರಲ್ಲಿ ತಂದ ತಿದ್ದುಪಡಿಯಿಂದ ಪ್ರತ್ಯೇಕ ನ್ಯಾಯಮಂಡಳಿಗಳು ಬಂದವು. ಈಗಿರುವುದು 1988ರ ಕಾಯ್ದೆ. ಅದರ 166ನೇ ಕಲಮಿನಡಿ ಹಾಕುವ ಅರ್ಜಿಯನ್ನೇ ಜನ ಎಂವಿಸಿ ಕೇಸು ಎನ್ನುತ್ತಾರೆ, ‘ಕ್ಲೇಮ್ ಹಾಕಿದ್ದೇವೆ’ ಎನ್ನುತ್ತಾರೆ. ಅಪಘಾತವಾದ ಊರಿನಲ್ಲಿ, ಅರ್ಜಿದಾರರು ವಾಸವಿರುವಲ್ಲಿ ಅಥವಾ ಎದುರುದಾರರು ಇರುವಲ್ಲಿ, ಮೂರರಲ್ಲಿ ಎಲ್ಲಿ ಬೇಕಾದರೂ ಅರ್ಜಿ ಹಾಕಬಹುದು. ಗೋವಾ ನೋಂದಣಿಯ ಕಾರು ಗಣೇಶಗುಡಿ ಬಳಿ ಗುದ್ದಿದರೆ ಕುಟುಂಬ ಗೋವಾಕ್ಕೆ ಅಲೆಯಬೇಕಿಲ್ಲ. ಮೇಲ್ಮನವಿ ಹೈಕೋರ್ಟಿನ ಧಾರವಾಡ ಪೀಠಕ್ಕೆ. 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾಗಿ 2013ರಲ್ಲಿ ಕಾಯಂ ಆದ ಈ ಪೀಠ ಇಲ್ಲದಿದ್ದ ಕಾಲದಲ್ಲಿ ಜೋಯಿಡಾದ ವಿಧವೆ ಬೆಂಗಳೂರಿನ ವಕೀಲರನ್ನು ಹುಡುಕಬೇಕಿತ್ತು.

ಈಗ ಲೆಕ್ಕಕ್ಕೆ ಬರೋಣ, ತಿರುಳು ಇರುವುದು ಅಲ್ಲೇ. ಸುಪ್ರೀಂ ಕೋರ್ಟು 2009ರ ಸರಳಾ ವರ್ಮಾ ತೀರ್ಪಿನಲ್ಲಿ ಗುಣಕಗಳನ್ನೂ ಸತ್ತವರ ಸ್ವಂತ ಖರ್ಚಿನ ಕಡಿತವನ್ನೂ ನಿಗದಿ ಮಾಡಿತು. 2017ರ ಅಕ್ಟೋಬರ್ 31ರಂದು ಪ್ರಣಯ್ ಸೇಠಿ ಪ್ರಕರಣದಲ್ಲಿ ಸಂವಿಧಾನ ಪೀಠವು, ಸ್ವಂತ ದುಡಿಮೆಯವರಿಗೂ ಮುಂದೆ ಹೆಚ್ಚಬಹುದಾಗಿದ್ದ ಆದಾಯವನ್ನು ಸೇರಿಸಬೇಕೆಂದಿತು: 40 ವರ್ಷದೊಳಗಿನವರಿಗೆ ಶೇ. 40, 40ರಿಂದ 50ರವರೆಗೆ ಶೇ. 25, 50ರಿಂದ 60ರವರೆಗೆ ಶೇ. 10. ಉದಾಹರಣೆಗೆ, 34 ವರ್ಷದ ಒಬ್ಬ ರೈತ ಕೂಲಿ ಲಾರಿ ಬಡಿದು ಸತ್ತನೆನ್ನಿ. ಹೆಂಡತಿ, ಇಬ್ಬರು ಮಕ್ಕಳು, ತಾಯಿ ಅವನನ್ನು ನಂಬಿದ್ದಾರೆ. ತಿಂಗಳ ಆದಾಯ 12,000 ರೂಪಾಯಿ ಎಂದು ನ್ಯಾಯಮಂಡಳಿ ಒಪ್ಪಿದರೆ, ಅದಕ್ಕೆ ಶೇ. 40 ಸೇರಿಸಿ 16,800. ನಂಬಿಕೊಂಡವರು ನಾಲ್ವರಾದ್ದರಿಂದ ನಾಲ್ಕನೇ ಒಂದು ಭಾಗ ಕಳೆದು 12,600. ವರ್ಷಕ್ಕೆ 1,51,200. 31ರಿಂದ 35 ವಯಸ್ಸಿಗೆ ಗುಣಕ 16. ಗುಣಿಸಿದರೆ 24,19,200 ರೂಪಾಯಿ. ಸಾಂಗತ್ಯ ನಷ್ಟಕ್ಕೆ ಪ್ರಣಯ್ ಸೇಠಿ ನಿಗದಿ ಮಾಡಿದ್ದು 40,000. ಮೂರು ವರ್ಷಕ್ಕೊಮ್ಮೆ ಶೇ. 10 ಏರಿ 2023ರ ನಂತರ 48,400. 2018ರ ತೀರ್ಪೊಂದು ಹೆಂಡತಿಗೆ ಮಾತ್ರವಲ್ಲದೆ ಮಕ್ಕಳಿಗೂ ತಂದೆತಾಯಿಗೂ ಇದು ಸಲ್ಲುತ್ತದೆ ಎಂದಿದೆ. ಆದ್ದರಿಂದ ನಾಲ್ವರಿಗೆ 1,93,600. ಅಂತ್ಯಕ್ರಿಯೆಗೂ ಆಸ್ತಿ ನಷ್ಟಕ್ಕೂ ಸೇರಿ 36,300. ಒಟ್ಟು 26,49,100.

ಅದೇ ಮನುಷ್ಯನ ಆದಾಯವನ್ನು 9,000 ಎಂದು ಹಿಡಿದರೆ ಆದಾಯ ನಷ್ಟದ ಬಾಬ್ತು 18,14,400ಕ್ಕೆ ಇಳಿಯುತ್ತದೆ. ಅಂದರೆ ಈ ಕುಟುಂಬಕ್ಕೆ ತಿಂಗಳ ಆದಾಯದಲ್ಲಿ ಬಿಟ್ಟುಹೋದ ಒಂದೊಂದು ಸಾವಿರವೂ 2,01,600 ರೂಪಾಯಿಯ ನಷ್ಟ. ಬಡ್ಡಿ ಬೇರೆ. ವಕೀಲರ ವಾದದಲ್ಲಿ ಹೆಚ್ಚು ಹೊತ್ತು ಹಿಡಿಯುವುದು ಚಾಲಕನ ತಪ್ಪಿನ ಪ್ರಶ್ನೆ. ಕುಟುಂಬದ ಬದುಕನ್ನು ನಿರ್ಧರಿಸುವುದು ಈ ಸಾವಿರದ ಪ್ರಶ್ನೆ.

ಆದಾಯಕ್ಕೆ ಸಾಕ್ಷ್ಯ ಎಲ್ಲಿಂದ ತರಬೇಕು? ಶವಪರೀಕ್ಷೆಗೆ ಮುಂಚೆ ಬರೆಯುವ ಶವ ಪಂಚನಾಮೆಯಲ್ಲಿ ಉದ್ಯೋಗದ ಕಾಲಮ್ಮಿನಲ್ಲಿ ‘ಕೂಲಿ ಕೆಲಸ’ ಎಂದು ಬರೆದರೆ ಆ ಎರಡು ಪದ ಕೊನೆಯವರೆಗೂ ಬೆನ್ನು ಬಿಡುವುದಿಲ್ಲ. ಆ ಮನುಷ್ಯ ಬೆಳಿಗ್ಗೆ ಎಮ್ಮೆ ಕರೆದು ಡೇರಿಗೆ ಹಾಲು ಹಾಕುತ್ತಿದ್ದ, ಮಳೆಗಾಲದಲ್ಲಿ ಉಪ್ಪಾಗೆ ಆರಿಸಿ ಗುತ್ತಿಗೆದಾರನಿಗೆ ಕೊಡುತ್ತಿದ್ದ, ಸುಗ್ಗಿಯಲ್ಲಿ ಕಬ್ಬು ಕಡಿಯುತ್ತಿದ್ದ, ಉಳಿದ ದಿನ ತನ್ನ ಎರಡೆಕರೆ ಮಾಡುತ್ತಿದ್ದ ಎಂಬುದೆಲ್ಲ ಆ ಎರಡು ಪದದಲ್ಲಿ ಮುಚ್ಚಿಹೋಗುತ್ತದೆ. ಮಾಹಿತಿ ಕೊಡುವ ಸಂಬಂಧಿಕ ದುಃಖದಲ್ಲಿರುತ್ತಾನೆ. ಅನೇಕ ಸಲ ಅವನ ಮನೆಮಾತು ಕೊಂಕಣಿಯೋ ಮರಾಠಿಯೋ ಆಗಿರುತ್ತದೆ. ಓದಿ ಹೇಳಿದರೆಂದು ಹೆಬ್ಬೆಟ್ಟು ಒತ್ತುತ್ತಾನೆ.

ಉತ್ತರ ಕನ್ನಡಕ್ಕೇ ವಿಶೇಷವಾದ ತೊಡಕು ಇನ್ನೊಂದಿದೆ. ಕಾಡಂಚಿನ ಸಾವಿರಾರು ಕುಟುಂಬಗಳು ಉಳುವ ಜಮೀನಿಗೆ ಪಹಣಿ ಇಲ್ಲ. ಅದು ಅರಣ್ಯ ಅತಿಕ್ರಮಣ ಎಂದು ದಾಖಲಾದ ಭೂಮಿ, 2006ರ ಅರಣ್ಯ ಹಕ್ಕು ಕಾಯ್ದೆಯಡಿ ಹಾಕಿದ ಅರ್ಜಿ ಬಾಕಿಯಿರುವ ಭೂಮಿ. ದಶಕಗಳಿಂದ ಬೆಳೆ ತೆಗೆದರೂ ಆ ಬೆಳೆಯ ಆದಾಯ ನ್ಯಾಯಮಂಡಳಿಯ ಮುಂದೆ ಬರುವುದೇ ಇಲ್ಲ. ಪಹಣಿ ಇದ್ದವರಿಗೂ ಒಂದು ಅಡ್ಡಿಯುಂಟು: ಮಾಲಿಕ ಸತ್ತರೂ ಜಮೀನು ಉಳಿಯುತ್ತದಲ್ಲ, ನಷ್ಟವಾದದ್ದು ಉಸ್ತುವಾರಿ ಮಾತ್ರ ಎಂದು ವಿಮಾ ಕಂಪನಿ ವಾದಿಸುತ್ತದೆ, ಕೋರ್ಟುಗಳು ಒಪ್ಪಿವೆ. ಕೂಲಿಯಾಳು ಇಡಲಾಗದ ಎರಡೆಕರೆಯ ರೈತನ ವಿಷಯದಲ್ಲಿ ಈ ವಾದ ಸಲ್ಲದೆಂಬುದು ನನ್ನ ಅಭಿಪ್ರಾಯ. ಅಲ್ಲಿ ಉಸ್ತುವಾರಿಯೂ ಮೈದುಡಿಮೆಯೂ ಒಂದೇ ಮನುಷ್ಯನದು. ಅವನು ಹೋದ ವರ್ಷ ಗದ್ದೆ ಹಾಳು ಬೀಳುತ್ತದೆ.

ದಾಖಲೆ ಇಲ್ಲವೆಂದು ಬರಿಗೈಯಲ್ಲಿ ಕಳಿಸಬಾರದೆಂದು ಸುಪ್ರೀಂ ಕೋರ್ಟು ಹೇಳಿರುವುದು ಕರ್ನಾಟಕದ ಪ್ರಕರಣಗಳಲ್ಲೇ. 2011ರಲ್ಲಿ ಒಬ್ಬ ಕೂಲಿಕಾರ ಹೇಳಿಕೊಂಡ 4,500 ರೂಪಾಯಿಯನ್ನು ಚೀಟಿ ಕೇಳದೆ ಒಪ್ಪಿತು. 2014ರಲ್ಲಿ ಒಬ್ಬ ತರಕಾರಿ ವ್ಯಾಪಾರಿಗೆ 6,500 ರೂಪಾಯಿ ಹಿಡಿಯುತ್ತ, ಇಂಥ ದುಡಿಮೆಗೆ ಲಿಖಿತ ಪುರಾವೆ ನಿರೀಕ್ಷಿಸುವುದು ಸರಿಯಲ್ಲವೆಂದಿತು. ರಾಜ್ಯ ಕಾನೂನು ಸೇವಾ ಪ್ರಾಧಿಕಾರ ಲೋಕ ಅದಾಲತ್‌ಗಳಿಗಾಗಿ ಅಪಘಾತದ ವರ್ಷವಾರು ಅಂದಾಜು ಆದಾಯದ ಪಟ್ಟಿ ಮಾಡಿದೆ. ಹೈಕೋರ್ಟೂ ಅದನ್ನು ಬಳಸುತ್ತದೆ. ಈ ಪಟ್ಟಿಯಿಂದ ಉಪಕಾರವಾಗಿದೆ, ಸಂಶಯವಿಲ್ಲ. ಆದರೆ ಪಟ್ಟಿ ಇದೆಯಲ್ಲ ಎಂದು ಸಾಕ್ಷ್ಯ ಕೂಡಿಸುವ ಕೆಲಸವೇ ನಿಂತರೆ, ಕನಿಷ್ಠವೆಂದು ಇಟ್ಟ ಅಂಕಿ ಗರಿಷ್ಠವಾಗಿಬಿಡುತ್ತದೆ. ಹಾಲಿನ ಸಂಘದ ಬಟವಾಡೆ ಪುಸ್ತಕ, ಕಾರ್ಖಾನೆಗೆ ಕಬ್ಬು ಕಳಿಸಿದ ಚೀಟಿ, ಗುತ್ತಿಗೆದಾರನ ಲೆಕ್ಕದ ವಹಿ, ಸ್ವಸಹಾಯ ಸಂಘಕ್ಕೆ ಕಟ್ಟಿದ ಕಂತು, ಎಲ್ಲವೂ ಸಾಕ್ಷ್ಯವೇ. ತಿಂಗಳಿಗೆ ಎರಡು ಸಾವಿರ ಸಾಲದ ಕಂತು ತಪ್ಪದೆ ಕಟ್ಟಿದವನ ಆದಾಯ ಎಷ್ಟಿರಬೇಕೆಂದು ಯಾವ ನ್ಯಾಯಾಧೀಶರೂ ಊಹಿಸಬಲ್ಲರು.

ಹೆಂಗಸರ ಲೆಕ್ಕ ಇನ್ನೂ ಹಿಂದಿದೆ. ಗೃಹಿಣಿಯ ಮನೆಗೆಲಸಕ್ಕೆ 2001ರಲ್ಲಿ ಸುಪ್ರೀಂ ಕೋರ್ಟು ತಿಂಗಳಿಗೆ 3,000 ರೂಪಾಯಿ ಬೆಲೆ ಕಟ್ಟಿತು; 2021ರ ಜನವರಿಯಲ್ಲಿ ಅದಕ್ಕೂ ಮುಂದಿನ ಏರಿಕೆ ಸೇರಿಸಬೇಕೆಂದಿತು. ಗೌಳಿವಾಡೆಯ ಹೆಂಗಸು ದನ ನೋಡಿ, ಸೌದೆ ತಂದು, ಮೊಸರು ತುಪ್ಪ ಮಾರಿ ಬರುವವಳು. ಅರ್ಜಿಯಲ್ಲಿ ಅವಳನ್ನು ‘ಗೃಹಿಣಿ’ ಎಂದಷ್ಟೇ ಬರೆದರೆ ಅವಳ ದುಡಿಮೆಯ ಅರ್ಧ ಅಲ್ಲಿಗೇ ಕಳೆದುಹೋಯಿತು.

ಎರಡನೆಯ ಪ್ರಶ್ನೆ, ವಾಹನದಲ್ಲಿ ಎಲ್ಲಿ ಕುಳಿತಿದ್ದರು ಎಂಬುದು. 2025ರ ಜನವರಿ 22ರ ಬೆಳಗಿನ ಜಾವ, ಸವಣೂರಿನಿಂದ ಕುಮಟಾ ಸಂತೆಗೆ ಹಣ್ಣು ತರಕಾರಿ ಹೇರಿಕೊಂಡು ಹೊರಟಿದ್ದ ಲಾರಿ ಪಕ್ಕದ ಯಲ್ಲಾಪುರ ತಾಲ್ಲೂಕಿನ ಅರೆಬೈಲ್ ಘಟ್ಟದಲ್ಲಿ, ಗುಳ್ಳಾಪುರ ಬಳಿ ಕಣಿವೆಗೆ ಉರುಳಿತು. ಸರಕಿನ ಮೇಲೆ ಕುಳಿತಿದ್ದ ವ್ಯಾಪಾರಿಗಳಲ್ಲಿ 10 ಜನ ಸತ್ತರು. ಅಂಥ ದುರಂತದ ನಂತರ ಸರ್ಕಾರಗಳು ಘೋಷಿಸುವ ಪರಿಹಾರ ನಿಧಿ ಬೇರೆ, ಕಾಯ್ದೆಯ ಪರಿಹಾರ ಬೇರೆ. ಒಂದನ್ನು ಪಡೆದರೆ ಇನ್ನೊಂದು ತಪ್ಪುವುದಿಲ್ಲ. ತೊಡಕಿರುವುದು ವಿಮೆಯಲ್ಲಿ. 1994ರ ತಿದ್ದುಪಡಿ ‘ಸರಕಿನ ಮಾಲಿಕ ಅಥವಾ ಅವನ ಅಧಿಕೃತ ಪ್ರತಿನಿಧಿ’ಯನ್ನು ವಿಮೆಯ ವ್ಯಾಪ್ತಿಗೆ ತಂದಿತು. ಸರಕು ಸಾಗಣೆ ವಾಹನದಲ್ಲಿ ಸುಮ್ಮನೆ ಹತ್ತಿದ ಪ್ರಯಾಣಿಕರಿಗೆ ವಿಮಾ ಕಂಪನಿ ಹೊಣೆಯಲ್ಲವೆಂದು 2002ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಸರಕಿನ ಮಾಲಿಕನಾದರೂ ಕ್ಯಾಬಿನ್ನಿನಲ್ಲಿ ಕುಳಿತಿರಬೇಕೆಂದು 2007ರಲ್ಲಿ ಹೇಳಿತು. ಮುಂಡಗೋಡ, ಹಳಿಯಾಳದ ಸಂತೆಗಳಿಗೆ ಪಿಕಪ್ಪಿನ ಹಿಂದೆ ತಮ್ಮ ಚೀಲಗಳ ಜೊತೆ ನಿಂತು ಹೋಗುವವರನ್ನು ನೋಡಿದ ಯಾರಿಗಾದರೂ ಈ ಕಾನೂನು ಎಷ್ಟು ದೂರದಿಂದ ಬರೆದದ್ದೆಂದು ತಿಳಿಯುತ್ತದೆ. ಚಾಲಕನ ಪಕ್ಕ ಒಬ್ಬರೋ ಇಬ್ಬರೋ ಕೂರಬಹುದು. ಸರಕಿನ ಮಾಲಿಕರು ಹತ್ತು ಜನ ಇದ್ದಾರೆ.

ಇಲ್ಲಿ ಒಂದು ಸೂಕ್ಷ್ಮ ಭೇದ ಗಮನಿಸಬೇಕು. ಲೈಸೆನ್ಸ್ ಇಲ್ಲದ ಚಾಲಕನಂಥ ಷರತ್ತು ಉಲ್ಲಂಘನೆಯಲ್ಲಿ ಹೊರಗಿನವರಿಗೆ ಕಂಪನಿ ಮೊದಲು ಹಣ ಕೊಟ್ಟು ಆಮೇಲೆ ಮಾಲಿಕನಿಂದ ವಸೂಲು ಮಾಡಬೇಕೆಂಬ ತತ್ವವಿದೆ. 2020ರ ಮೇ ತಿಂಗಳಲ್ಲಿ ಧಾರವಾಡದಲ್ಲಿ ಹೈಕೋರ್ಟಿನ ಪೂರ್ಣಪೀಠ ಅದನ್ನು ಗಟ್ಟಿಯಾಗಿ ಎತ್ತಿಹಿಡಿಯಿತು. ಪಾಲಿಸಿಯೇ ಮುಟ್ಟದ ಪ್ರಯಾಣಿಕನಿಗೆ ಆ ಆಸರೆ ಸುಲಭಕ್ಕೆ ಸಿಗುವುದಿಲ್ಲ. ಕೆಲವು ಪ್ರಕರಣಗಳಲ್ಲಿ ಸುಪ್ರೀಂ ಕೋರ್ಟು ಕರುಣೆಯಿಂದ ಕೊಡಿಸಿದೆ, ಅಷ್ಟೇ. ಹಾಗೆ ಸಿಗದಿದ್ದರೆ ತೀರ್ಪು ವಾಹನ ಮಾಲಿಕನ ಮೇಲೆ. ಸಾಲ ಮಾಡಿ ಒಂದು ಪಿಕಪ್ ಕೊಂಡ ಮಾಲಿಕನಿಂದ ಇಪ್ಪತ್ತು ಲಕ್ಷ ವಸೂಲಾಗುವುದು ಎಂದು?

ಕಬ್ಬಿನ ಟ್ರ್ಯಾಕ್ಟರಿನದೂ ಇದೇ ಕಥೆ, ಇನ್ನಷ್ಟು ಜಟಿಲವಾಗಿ. ಹಳಿಯಾಳದ ಹಂಗಾಮಿನಲ್ಲಿ ಹಿಂದಿನ ಡಬ್ಬಿಯಲ್ಲಿ ಕಬ್ಬು ಕಡಿಯುವ ಗ್ಯಾಂಗಿನ ಹೆಂಗಸರು ಮಕ್ಕಳೂ ಕುಳಿತಿರುತ್ತಾರೆ. ಟ್ರ್ಯಾಕ್ಟರಿಗೆ ಕೃಷಿ ಬಳಕೆಯ ಪಾಲಿಸಿ, ಟ್ರೇಲರಿಗೆ ಪಾಲಿಸಿಯೇ ಇಲ್ಲ ಎಂಬುದು ಕಂಪನಿಗಳ ಸಾಮಾನ್ಯ ತಕರಾರು. ಇಟ್ಟಂಗಿ ಭಟ್ಟಿಯ ಕೆಲಸಕ್ಕೆ ಹೋಗುತ್ತಿದ್ದ ಟ್ರ್ಯಾಕ್ಟರಿನಿಂದ ಗಾಯಗೊಂಡ ಕೂಲಿಯ ಪ್ರಕರಣದಲ್ಲಿ 2007ರಲ್ಲಿ ಸುಪ್ರೀಂ ಕೋರ್ಟು ಕಂಪನಿ ಹೊಣೆಯಲ್ಲವೆಂದರೂ ಮೊದಲು ಕೊಟ್ಟು ಆಮೇಲೆ ವಸೂಲು ಮಾಡಲು ಹೇಳಿತು. ಸತ್ತವರು ವಾಹನ ಮಾಲಿಕನ ಕೂಲಿಗಳೇ ಆಗಿದ್ದರೆ ನೌಕರರ ಪರಿಹಾರ ಕಾನೂನಿನ ದಾರಿ (2025ರ ನವೆಂಬರ್‌ವರೆಗೆ 1923ರ ಕಾಯ್ದೆ) ಇದೆ. ಆದರೆ ಎರಡರಲ್ಲಿ ಒಂದನ್ನೇ ಆರಿಸಬೇಕು, ಆರಿಸಿದ ಮೇಲೆ ತಿರುಗಲಾಗದು. ಗ್ಯಾಂಗನ್ನು ಕರೆತಂದವನು ಯಾರು, ಕೂಲಿ ಕೊಟ್ಟವನು ಯಾರು ಎಂದು ಮೊದಲ ಹೇಳಿಕೆಯಲ್ಲೇ ಬರೆಸಿದ್ದರೆ ಈ ಆಯ್ಕೆ ಕುಟುಂಬದ ಕೈಯಲ್ಲಿ ಉಳಿಯುತ್ತದೆ.

ಮೂರನೆಯ ಪ್ರಶ್ನೆ ಮುಂಡಗೋಡದಲ್ಲಿ ವಿಚಿತ್ರ ರೂಪ ಪಡೆಯುತ್ತದೆ. ಅಲ್ಲಿನ ಗಂದೆನ್, ದ್ರೆಪುಂಗ್ ಮಠಗಳ ಸನ್ಯಾಸಿ ರಸ್ತೆಯಲ್ಲಿ ಸತ್ತರೆ ಅರ್ಜಿದಾರ ಯಾರು? ಹೆಂಡತಿ ಮಕ್ಕಳಿಲ್ಲ; ತಂದೆತಾಯಿ ಟಿಬೆಟ್ಟಿನಲ್ಲೋ ನೇಪಾಳದಲ್ಲೋ ಇರಬಹುದು. ಕಾಯ್ದೆಯಲ್ಲಿರುವುದು ‘ಕಾನೂನುಬದ್ಧ ಪ್ರತಿನಿಧಿಗಳು’ ಎಂಬ ಮಾತು, ರಕ್ತಸಂಬಂಧಿಗಳು ಎಂದಲ್ಲ. 2014ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಇದಕ್ಕೆ ಹತ್ತಿರದ ಪ್ರಶ್ನೆಯನ್ನು ಬಗೆಹರಿಸಿತು. ಈಶಾನ್ಯ ಭಾರತದ ಒಂದು ಶಾಲೆಯ ಮುಖ್ಯೋಪಾಧ್ಯಾಯರಾಗಿದ್ದ ಕ್ರೈಸ್ತ ಸಹೋದರರೊಬ್ಬರು ಅಪಘಾತದಲ್ಲಿ ಸತ್ತಿದ್ದರು. ತಮ್ಮ ಸಂಬಳವನ್ನೆಲ್ಲ ಸಂಘಕ್ಕೆ ಒಪ್ಪಿಸುತ್ತಿದ್ದ ಅವರ ಪರವಾಗಿ ಮಾಂಟ್‌ಫರ್ಟ್ ಬ್ರದರ್ಸ್ ಸಂಘ ಹಾಕಿದ ಅರ್ಜಿಯನ್ನು ಐಜ್ವಾಲ್‌ನ ನ್ಯಾಯಮಂಡಳಿ ಮಾನ್ಯ ಮಾಡಿ 2,52,000 ರೂಪಾಯಿ ಕೊಟ್ಟಿತ್ತು, ಗೌಹಾಟಿ ಹೈಕೋರ್ಟು ತಳ್ಳಿಹಾಕಿತ್ತು. ಸುಪ್ರೀಂ ಕೋರ್ಟು ನ್ಯಾಯಮಂಡಳಿಯ ಆದೇಶವನ್ನು ಮರಳಿ ನಿಲ್ಲಿಸಿತು. ಸಂಬಳವಿಲ್ಲದ ಭಿಕ್ಷುವಿನ ವಿಷಯದಲ್ಲಿ ಆದಾಯದ ಲೆಕ್ಕ ಕಠಿಣವೇ. ಅರ್ಜಿ ಹಾಕುವ ಹಕ್ಕಿಗೆ ಮಾತ್ರ ಈ ತೀರ್ಪು ಬಾಗಿಲು ತೆರೆದಿದೆ ಎಂದು ನಾನು ಓದಿಕೊಳ್ಳುತ್ತೇನೆ.

ಇನ್ನು ಭೂಗೋಳ ತರುವ ತೊಂದರೆ. ಹಳಿಯಾಳದ ರಸ್ತೆಯಲ್ಲಿ ಗಾಯಗೊಂಡವರು ಧಾರವಾಡಕ್ಕೆ, ಮುಂಡಗೋಡದವರು ಹುಬ್ಬಳ್ಳಿಗೆ, ರಾಮನಗರದವರು ಬೆಳಗಾವಿಗೆ ಹೋಗುತ್ತಾರೆ. ಸಾವು ಆ ಊರಲ್ಲಾದರೆ ಶವಪರೀಕ್ಷೆಯ ವರದಿ ಒಂದು ಜಿಲ್ಲೆಯಲ್ಲಿ, ಎಫ್‌ಐಆರ್ ಇನ್ನೊಂದರಲ್ಲಿ. ತಿಂಗಳುಗಟ್ಟಲೆ ಚಿಕಿತ್ಸೆಯ ನಂತರ ಸತ್ತರೆ, ಗಾಯದಿಂದಲೇ ಸತ್ತರೆಂದು ತೋರಿಸಲು ಆಸ್ಪತ್ರೆಯ ಕೇಸ್ ಶೀಟು ಬೇಕು. 2022ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ಕೇಂದ್ರ ನಿಯಮಗಳ ಪ್ರಕಾರ ತನಿಖಾಧಿಕಾರಿ 48 ಗಂಟೆಯೊಳಗೆ ಮೊದಲ ಅಪಘಾತ ವರದಿಯನ್ನು ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಕಳಿಸಬೇಕು, ಕುಟುಂಬಕ್ಕೆ ಅದರ ಹಕ್ಕುಗಳನ್ನು ತಿಳಿಸುವ ನಮೂನೆ ಕೊಡಬೇಕು, 90 ದಿನದೊಳಗೆ ವಿವರವಾದ ವರದಿ ಸಲ್ಲಿಸಬೇಕು. ಪೊಲೀಸ್ ವರದಿಯನ್ನೇ ಪರಿಹಾರದ ಅರ್ಜಿಯೆಂದು ನ್ಯಾಯಮಂಡಳಿ ಪರಿಗಣಿಸಬೇಕೆಂದು ಕಾಯ್ದೆ ಹೇಳುತ್ತದೆ. 2022ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟು ಇದರ ಪಾಲನೆಗೆ ನಿರ್ದೇಶನ ಕೊಟ್ಟಿದೆ. ಇಷ್ಟು ನಡೆದರೆ ಜೋಯಿಡಾದ ಕುಟುಂಬ ಮಧ್ಯವರ್ತಿಗಳ ಬಾಗಿಲು ಕಾಯಬೇಕಿಲ್ಲ.

ಆ ನಿಯಮಗಳು ಜಾರಿಗೆ ಬಂದ ದಿನದಿಂದಲೇ ಒಂದು ಕೇಡೂ ಬಂದಿತು. 1994ರಲ್ಲಿ ಸಂಸತ್ತು ತೆಗೆದುಹಾಕಿದ್ದ ಕಾಲಮಿತಿಯನ್ನು 2019ರ ತಿದ್ದುಪಡಿ ಮರಳಿ ತಂದಿತು: ಅಪಘಾತವಾದ ಆರು ತಿಂಗಳೊಳಗೆ ಅರ್ಜಿ. ದುಡಿಯುವವನನ್ನು ಕಳೆದುಕೊಂಡ ಮನೆಗೆ ಆಸ್ಪತ್ರೆಯ ಸಾಲ, ತಿಥಿ, ಬಿತ್ತನೆ ಇವುಗಳ ನಡುವೆ ಆರು ತಿಂಗಳು ಏನೇನೂ ಅಲ್ಲ. ಈ ಮಿತಿಯ ಸಿಂಧುತ್ವವನ್ನು ಪ್ರಶ್ನಿಸಿದ ಅರ್ಜಿಗಳಲ್ಲಿ 2025ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟು, ಮುಂದಿನ ಆದೇಶದವರೆಗೆ ತಡವಾಯಿತೆಂಬ ಕಾರಣಕ್ಕೆ ಅರ್ಜಿಗಳನ್ನು ವಜಾ ಮಾಡಬಾರದೆಂದು ಮಧ್ಯಂತರ ಆದೇಶ ಕೊಟ್ಟಿದೆ. 1994ರ ತೀರ್ಮಾನವೇ ಸರಿಯಿತ್ತು. ಸಂಸತ್ತು ಈ ಕಲಮನ್ನು ಕೈಬಿಡಬೇಕು.

ಉಳಿದ ಸಂಗತಿಗಳು ಬೇಗ ಮುಗಿಯುವಂಥವು. ಗುದ್ದಿ ಓಡಿಹೋದ ವಾಹನ ಪತ್ತೆಯಾಗದಿದ್ದರೆ ಸಾವಿಗೆ 2 ಲಕ್ಷ ರೂಪಾಯಿ. ಅರ್ಜಿ ಕಂದಾಯ ಅಧಿಕಾರಿಗಳಿಗೆ, ಕೋರ್ಟಿಗಲ್ಲ. ಯಾರ ತಪ್ಪೆಂದು ಸಾಬೀತು ಮಾಡದೆ ಪಡೆಯುವ 164ನೇ ಕಲಮಿನ ಮೊತ್ತ 5 ಲಕ್ಷ. ದಾಂಡೇಲಿಯ ಕಾಡುದಾರಿಯಲ್ಲಿ ರಾತ್ರಿ ಕಾಟಿಗೆ ಬೈಕ್ ಗುದ್ದಿ ಸತ್ತರೆ ಎದುರು ವಾಹನವೇ ಇಲ್ಲ. ಬೈಕಿನ ಮಾಲಿಕನೇ ಓಡಿಸುತ್ತಿದ್ದು, ಲೈಸೆನ್ಸ್ ಇದ್ದು, ಮಾಲಿಕ–ಚಾಲಕ ವಿಮೆ ಮಾಡಿಸಿದ್ದರೆ 15 ಲಕ್ಷ ಸಿಗುತ್ತದೆ. ಬೈಕ್ ಬೇರೆಯವರದಾದರೆ ಅದೂ ಇಲ್ಲ. ಇಳಕಲ್‌ನಿಂದ ಗುಡೂರಿಗೆ ಪರರ ಬೈಕಿನಲ್ಲಿ ಹೋಗುತ್ತ ಎತ್ತಿನ ಗಾಡಿಗೆ ಗುದ್ದಿ ಸತ್ತವರ ಪ್ರಕರಣದಲ್ಲಿ, ಎರವಲು ಪಡೆದವನು ಮಾಲಿಕನ ಸ್ಥಾನದಲ್ಲೇ ನಿಲ್ಲುತ್ತಾನೆ, ತನ್ನಿಂದ ತಾನೇ ಪರಿಹಾರ ಕೇಳಲಾಗದು ಎಂಬ ತತ್ವವನ್ನು 2009ರಲ್ಲಿ ಸುಪ್ರೀಂ ಕೋರ್ಟು ಅನ್ವಯಿಸಿತು. ಬೈಕ್ ಎರವಲು ಕೊಡುವುದು ನಿತ್ಯದ ಮಾತಾಗಿರುವ ಹಳ್ಳಿಗಳಲ್ಲಿ ಇದನ್ನು ತಿಳಿದವರು ವಿರಳ.

ಈ ಸೀಮೆಯ ಕುಟುಂಬಗಳಿಗೂ, ಅವರ ಜೊತೆ ಠಾಣೆಗೆ ಹೋಗುವ ಪಂಚಾಯ್ತಿ ಸದಸ್ಯರು, ಶಿಕ್ಷಕರು, ಆಶಾ ಕಾರ್ಯಕರ್ತೆಯರಿಗೂ ಒಂದು ಕೋರಿಕೆ. ಶವ ಪಂಚನಾಮೆಗೂ ದೂರಿಗೂ ಸಹಿ ಹಾಕುವ ಮೊದಲು ಇನ್ನೊಮ್ಮೆ ಓದಿಸಿಕೊಳ್ಳಿ. ಸತ್ತವರು ಮಾಡುತ್ತಿದ್ದ ಎಲ್ಲ ಕೆಲಸಗಳನ್ನೂ, ವಾಹನದಲ್ಲಿ ಅವರ ಜೊತೆ ಇದ್ದ ಸರಕು ಯಾರದೆಂಬುದನ್ನೂ ಇದ್ದದ್ದು ಇದ್ದಂತೆ ಬರೆಸಿ, ಪ್ರತಿ ಕೇಳಿ ಪಡೆಯಿರಿ. ಡೇರಿಯ ಪುಸ್ತಕ, ಕಬ್ಬಿನ ಚೀಟಿಗಳನ್ನು ಎಸೆಯಬೇಡಿ. ವಕೀಲರ ಶುಲ್ಕದ ಚಿಂತೆ ಇದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ: 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನಡಿ ಹೆಂಗಸರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಆದಾಯ ಎಷ್ಟೇ ಇರಲಿ ಉಚಿತ ವಕೀಲರನ್ನು ಪಡೆಯಲು ಹಕ್ಕುದಾರರು. 2003ರಿಂದ ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದವರೇ.